ಪೋಷಕ ನಟನ ಪೆಟ್ಟಿಗೆಯಲ್ಲಿರಲಿ ಕ್ರೇಪ್ ಜಡೆ

ಪೋಷಕ ನಟರಿಗೆ ಮುಪ್ಪು ಬೇಗ ಬರುತ್ತದೆ. ‘ಕಸ್ತೂರಿ ನಿವಾಸ’ದ (1971) ಹಳೆಯ ಸೇವಕ ರಾಮಯ್ಯನಾಗಿದ್ದ ಕೆ.ಎಸ್. ಅಶ್ವಥ್, ರಾಜ್‌ಕುಮಾರ್‌ಗಿಂತ ನಾಲ್ಕೇ ವರ್ಷ ದೊಡ್ಡವರು. ರಂಗದ ಮೇಲಾದರೆ ಒಂದೇ ರಾತ್ರಿಯಲ್ಲಿ ಪೊಲೀಸಪ್ಪ, ಶಾನುಭೋಗ, ಮುದಿ ತಂದೆ ಮೂವರೂ ಒಬ್ಬನೇ. ಅಂಥವರಿಗೆ ಯಾವ ಗಡ್ಡ ಒಳ್ಳೆಯದು?

ಕಿವಿಗೆ ಎಲಾಸ್ಟಿಕ್ ಸಿಗಿಸುವ ಗಡ್ಡ ಬೇಡವೇ ಬೇಡ. ದವಡೆ ಆಡಿದರೂ ಗಡ್ಡ ಅದರ ಜೊತೆ ಆಡುವುದಿಲ್ಲ, ಕೆನ್ನೆಯ ಬಳಿ ಸಂದು ಬಿಡುತ್ತದೆ. ಗುಂಪಿನಲ್ಲಿ ಹಿಂದೆ ನಿಲ್ಲುವವರಿಗೆ ಸಾಕು, ಮಾತಿರುವ ಪಾತ್ರಕ್ಕೆ ಆಗದು. ಬಲೆಗೆ ಕೂದಲು ಕಟ್ಟಿದ ಗಡ್ಡ ಅಂದವಾಗಿಯೂ ಬಾಳಿಕೆಗೂ ಬರುತ್ತದೆ, ಆದರೆ ದುಬಾರಿ. ಒಂದು ಗಡ್ಡ ಒಂದೇ ಪಾತ್ರಕ್ಕೆ.

ಕ್ರೇಪ್ ಜಡೆ (ದಾರಕ್ಕೆ ಹೆಣೆದು ಮಾರುವ ಗುಂಗುರು ಕೂದಲು) ಮತ್ತು ಸ್ಪಿರಿಟ್ ಗಮ್ಮೇ (ಕೂದಲನ್ನು ಚರ್ಮಕ್ಕೆ ಹಿಡಿಸುವ ರಾಳದ ಅಂಟು) ನಮ್ಮ ಆಯ್ಕೆ. ಕಪ್ಪು, ಬೂದು, ಬಿಳಿ ಮೂರೂ ಬಣ್ಣ ಕೊಳ್ಳಿ. ಒಂದೇ ಬಣ್ಣದ ಗಡ್ಡ ದೀಪದ ಕೆಳಗೆ ಹತ್ತಿಯಂತೆ ಕಾಣುತ್ತದೆ. ಜಡೆಯ ದಾರ ಬಿಚ್ಚಿ, ತುಸು ಒದ್ದೆ ಮಾಡಿ, ಎಳೆದು ಕಟ್ಟಿ ರಾತ್ರಿ ಒಣಗಲು ಬಿಡಿ. ಗುಂಗುರು ಪೂರ್ತಿ ಹೋಗದಿರಲಿ, ಅದೇ ಗಡ್ಡಕ್ಕೆ ಮೈ ಕೊಡುವುದು. ಎರಡು ಮೂರು ಅಂಗುಲದ ತುಂಡುಗಳನ್ನು ಓರೆಯಾಗಿ ಕತ್ತರಿಸಿ.

ಗಮ್ ಹಿಡಿಯದಿದ್ದರೆ ಸಾಮಾನ್ಯವಾಗಿ ಜಿಡ್ಡೇ ಕಾರಣ. ಅಂಟಿಸುವ ಜಾಗಕ್ಕೆ ಬಣ್ಣ ಹಚ್ಚಬಾರದು, ಮೊದಲು ಒರೆಸಿ ಒಣಗಿಸಿ. ಗಮ್ಮನ್ನು ತೆಳ್ಳಗೆ ಬಳಿದು, ಅಂಟು ಬರುವವರೆಗೆ ಬೆರಳಿನಿಂದ ತಟ್ಟಿ. ಕೂದಲನ್ನು ಗದ್ದದ ಅಡಿಯಿಂದ ಶುರುಮಾಡಿ ಮೇಲಕ್ಕೆ ಪದರ ಪದರವಾಗಿ ಕೂರಿಸುತ್ತ ಹೋಗಿ, ಮನೆಗೆ ಹೆಂಚು ಹೊದಿಸಿದ ಹಾಗೆ. ಮೀಸೆ ಎರಡು ತುಂಡಾಗಿಯೇ ಇರಲಿ, ನಡುವಿನ ತಗ್ಗು ಬಿಟ್ಟು. ಒಂದೇ ಪಟ್ಟಿಯಾದರೆ ಉದ್ದ ಮಾತಿಗೆ ಎದ್ದು ಬರುತ್ತದೆ. ಬೆವರಿಗೆ ಮೊದಲು ಬಿಡುವುದು ಬಾಯಿಯ ಮೂಲೆಗಳು. ವಿರಾಮದಲ್ಲಿ ಅಲ್ಲಿ ಮತ್ತೆ ಒತ್ತಿ.

ಪಾತ್ರ ಬದಲಿಸುವವರಿಗೆ ಇದರಲ್ಲಿ ಒಂದು ತೊಡಕಿದೆ: ಹೊಸದಾಗಿ ಅಂಟಿಸಲು ಅರ್ಧ ಗಂಟೆ ಬೇಕು. ಅದಕ್ಕಾಗಿ ಮೊದಲೇ, ನುಣ್ಣಗೆ ಕ್ಷೌರ ಮಾಡಿದ ಗದ್ದಕ್ಕೆ ದ್ರವ ಲೇಟೆಕ್ಸ್ (ಒಣಗಿದರೆ ರಬ್ಬರಿನ ಪೊರೆಯಾಗುವ ದ್ರವ) ಮೂರು ಲೇಪ ಕೊಟ್ಟು, ಅದರ ಮೇಲೆ ಕ್ರೇಪ್ ಕೂರಿಸಿ, ಒಣಗಿದ ಮೇಲೆ ಒಳಮೈಗೆ ಪೌಡರ್ ಹಾಕುತ್ತ ಬಿಡಿಸಿಡಿ. ಪ್ರದರ್ಶನದ ದಿನ ಅಂಚಿಗೆ ಗಮ್ ಹಚ್ಚಿದರೆ ಕೆಲವೇ ನಿಮಿಷದಲ್ಲಿ ಅಪ್ಪ ತಯಾರು. ಕುರುಚಲು ಗಡ್ಡದ ಮೇಲೆ ಮಾತ್ರ ಲೇಟೆಕ್ಸ್ ಬಳಿಯಬೇಡಿ, ಬಿಡಿಸುವಾಗ ಕೂದಲು ಕಿತ್ತು ಬರುತ್ತದೆ. ಬೋಳು ಮುಖದ ಪಾತ್ರ ಮೊದಲು ಬರುವಂತಿದ್ದರೆ ಇನ್ನೂ ಒಳ್ಳೆಯದು. ಗಮ್ ತೆಗೆದ ಚರ್ಮ ಕೆಂಪಗಿರುತ್ತದೆ.

ಗಮ್ಮಿನಲ್ಲಿರುವ ರಾಳ ಕೆಲವರಿಗೆ ಆಗದು. ಹಿಂದಿನ ದಿನವೇ ಮುಂಗೈ ಒಳಭಾಗಕ್ಕೆ ಹಚ್ಚಿ ನೋಡಿ. ಲೇಟೆಕ್ಸ್‌ಗೂ ಅಷ್ಟೇ. ಗಮ್ಮಿಗೆ ಬೆಂಕಿ ಬೇಗ ತಗಲುತ್ತದೆ, ಬಣ್ಣದ ಮನೆಯ ಊದುಬತ್ತಿ, ದೀಪಗಳಿಂದ ದೂರವಿಡಿ. ತೆಗೆಯಲು ರಿಮೂವರ್ ಬಾಟಲಿಯನ್ನೂ ಜೊತೆಗೇ ಕೊಳ್ಳಿ, ಒಣಗಿದ ಗಡ್ಡವನ್ನು ಎಳೆದು ಕೀಳಬಾರದು.