ಯುಎಸ್‌ಬಿ ಡ್ರೈವರ್ ಘರ್ಷಣೆ: ಹಳೆಯದನ್ನು ತೆಗೆಯುವುದೋ, ವರ್ಚುವಲ್ ಯಂತ್ರವೋ?

ವಾಹನದ ಟೆಲಿಮ್ಯಾಟಿಕ್ಸ್ ಸಾಧನವನ್ನು (ಓಡಾಟದ ದತ್ತಾಂಶ ದಾಖಲಿಸುವ ಉಪಕರಣ) ಕಂಪ್ಯೂಟರ್‌ಗೆ ಜೋಡಿಸಿದಾಗ ವಿಂಡೋಸ್‌ನ ಡಿವೈಸ್ ಮ್ಯಾನೇಜರ್‌ನಲ್ಲಿ ಹಳದಿ ಚಿಹ್ನೆ ಕಾಣಿಸಿ ದತ್ತಾಂಶ ಇಳಿಯದಿದ್ದರೆ, ಹಳೆಯ ಡ್ರೈವರ್ (ಕಂಪ್ಯೂಟರ್ ಆ ಸಾಧನದೊಡನೆ ಮಾತಾಡಲು ಬೇಕಾದ ತಂತ್ರಾಂಶ) ತೆಗೆದು ಹೊಸದನ್ನು ಹಾಕುವುದು ಖರ್ಚಿಲ್ಲದ ದಾರಿ. ಆದರೆ ಅನ್‌ಇನ್‌ಸ್ಟಾಲ್ ಒತ್ತಿದರಷ್ಟೇ ಸಾಲದು. ಡ್ರೈವರ್ ಕಡತವನ್ನೂ ಅಳಿಸುವ ಆಯ್ಕೆಗೆ ಗುರುತು ಹಾಕದಿದ್ದರೆ, ವಿಂಡೋಸ್ ತನ್ನ ಸಂಗ್ರಹದಲ್ಲಿ ಉಳಿದಿರುವ ಅದೇ ಹಳೆಯ ಡ್ರೈವರನ್ನು ಮತ್ತೆ ತಂದು ಕೂರಿಸಬಹುದು. ಎರಡು ತಯಾರಕರ ಸಾಧನಗಳು ಯುಎಸ್‌ಬಿಯನ್ನು ಸೀರಿಯಲ್ ಸಂಪರ್ಕಕ್ಕೆ ಬದಲಿಸುವ ಒಂದೇ ಎಫ್‌ಟಿ232 ಚಿಪ್ ಬಳಸಿ, ವಿಂಡೋಸ್ ಡ್ರೈವರ್ ಆರಿಸಲು ನೋಡುವ ಅದರ ಮೂಲ ಗುರುತುಸಂಖ್ಯೆಯಾದ 0403:6001 ಅನ್ನೇ ಉಳಿಸಿಕೊಂಡಿದ್ದರಂತೂ ಒಂದನ್ನು ಸರಿಪಡಿಸುವಷ್ಟರಲ್ಲಿ ಇನ್ನೊಂದು ಕೈಕೊಡಬಹುದು.

ಇಂಥ ಸಾಧನಗಳನ್ನು ದಿನವೂ ಬದಲಿಸುವವರಿಗೆ ಪ್ರತಿಯೊಂದಕ್ಕೂ ಬೇರೆ ವರ್ಚುವಲ್ ಯಂತ್ರವೇ (ಕಂಪ್ಯೂಟರ್‌ನೊಳಗೆ ತಂತ್ರಾಂಶವಾಗಿ ನಡೆಯುವ ಪ್ರತ್ಯೇಕ ಕಂಪ್ಯೂಟರ್) ಮೇಲು ಎಂಬುದು ನನ್ನ ಅಭಿಪ್ರಾಯ, ಏಕೆಂದರೆ ಅಲ್ಲಿ ಒಂದರ ಡ್ರೈವರ್ ಇನ್ನೊಂದರ ತಂಟೆಗೆ ಹೋಗುವುದಿಲ್ಲ. ಮೆಮೊರಿ ಮಾತ್ರ ಹೆಚ್ಚು ಬೇಕು. ತಿಂಗಳಿಗೊಮ್ಮೆ ಒಂದೇ ಸಾಧನದಿಂದ ದತ್ತಾಂಶ ಇಳಿಸುವವರಿಗೆ ಮೊದಲ ದಾರಿಯೇ ಸಾಕು.