ಬೆಲಾಸ್ಕೊನ ಬೆಳಕು: ಒಂದು ಹಳೆಯ ರಂಗಪುಸ್ತಕದ ಮರುಮುದ್ರಣ

ಅಮೆರಿಕದ ರಂಗನಿರ್ದೇಶಕ, ನಾಟಕಕಾರ ಡೇವಿಡ್ ಬೆಲಾಸ್ಕೊ 1919ರಲ್ಲಿ ಪ್ರಕಟಿಸಿದ ‘ದಿ ಥಿಯೇಟರ್ ಥ್ರೂ ಇಟ್ಸ್ ಸ್ಟೇಜ್ ಡೋರ್’ ಎಂಬ ಪುಸ್ತಕದ ಮರುಮುದ್ರಣವನ್ನು ಕಳೆದ ಮಳೆಗಾಲದ ಆಟಿ ತಿಂಗಳಲ್ಲಿ 640 ರೂಪಾಯಿ ಕೊಟ್ಟು ತರಿಸಿಕೊಂಡೆ. ಹಕ್ಕುಸ್ವಾಮ್ಯ ಮುಗಿದ ಪುಸ್ತಕಗಳನ್ನು ಸ್ಕ್ಯಾನ್ ಮಾಡಿಟ್ಟುಕೊಂಡು, ಬೇಡಿಕೆ ಬಂದಾಗ ಒಂದೊಂದೇ ಪ್ರತಿಯನ್ನು ಅಚ್ಚು ಹಾಕಿ ಕಳುಹಿಸುವ ಸಂಸ್ಥೆಯೊಂದರಿಂದ ಬಂದ ಪ್ರತಿ ಇದು. ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರದ ನಮ್ಮ ಮನೆಗೆ 11 ದಿನಗಳಲ್ಲಿ, ಮಳೆಯಲ್ಲಿ ಒದ್ದೆಯಾಗದ ಹಾಗೆ ಎರಡು ಪದರ ಪ್ಲಾಸ್ಟಿಕ್‌ನಲ್ಲಿ ಸುತ್ತಿದ ಕಟ್ಟು ತಲುಪಿತು. ಕನ್ನಡ ಮಾಧ್ಯಮದ ಶಾಲೆಯಲ್ಲಿ ಅಧ್ಯಾಪಕನಾಗಿದ್ದು, ಮಕ್ಕಳಿಂದಲೂ ಊರಿನ ಹವ್ಯಾಸಿ ಕಲಾವಿದರಿಂದಲೂ ಹಲವು ವರ್ಷ ನಾಟಕ ಮಾಡಿಸುತ್ತ ಬಂದವನಾದುದರಿಂದ, ಈ ಪುಸ್ತಕ ನಮ್ಮಂಥವರಿಗೆ ಎಷ್ಟರಮಟ್ಟಿಗೆ ಉಪಯೋಗಕ್ಕೆ ಬರುತ್ತದೆ ಎಂಬ ದೃಷ್ಟಿಯಿಂದಲೇ ಇದನ್ನು ಬರೆಯುತ್ತಿದ್ದೇನೆ.

ಮೊದಲು ಪ್ರತಿಯ ದೋಷಗಳನ್ನು ಹೇಳಬೇಕು. ಅಕ್ಷರಗಳು ಸ್ಪಷ್ಟವಾಗಿವೆ. ಆದರೆ ಛಾಯಾಚಿತ್ರಗಳು ಕೆಟ್ಟಿವೆ. ಬೆಳಕಿನಿಂದಲೇ ಹೆಸರು ಮಾಡಿದ ನಿರ್ದೇಶಕನ ಪುಸ್ತಕದಲ್ಲಿ ರಂಗದೃಶ್ಯಗಳು ಮಸಿ ಚೆಲ್ಲಿದ ಹಾಗೆ ಅಚ್ಚಾಗಿರುವುದನ್ನು ಕಂಡು ನಿಜವಾಗಿಯೂ ದುಃಖವಾಯಿತು. ಕೆಲವು ಪುಟಗಳಲ್ಲಿ ಚಿತ್ರದ ಕೆಳಗಿನ ಬರಹವನ್ನು ಓದಿ, ಇದು ಇಂಥ ದೃಶ್ಯವಿರಬೇಕು ಎಂದು ಊಹಿಸಿಕೊಳ್ಳಬೇಕಾಗುತ್ತದೆ. ಅಂಟು ಹಾಕಿದ ಬೆನ್ನು ನಮ್ಮ ಕಡೆಯ ಮಳೆಗಾಲದ ತೇವಕ್ಕೆ ತಡೆಯಲಿಲ್ಲ. ಶ್ರಾವಣ ಮುಗಿಯುವಷ್ಟರಲ್ಲಿ ನಡುವಿನ ಒಂದು ಕಂತೆ ಕೈಗೆ ಬಂತು. ಬರೆದು ತಿಳಿಸಿದಾಗ ಮಾರಾಟಗಾರರು ಹಣ ಹಿಂತಿರುಗಿಸಲು ಒಪ್ಪಿದರು, ಆದರೆ ಪುಸ್ತಕವನ್ನೂ ವಾಪಸು ಕಳುಹಿಸಬೇಕೆಂದರು. ಅಷ್ಟರಲ್ಲಿ ಅದನ್ನು ಬಿಟ್ಟುಕೊಡುವ ಮನಸ್ಸು ನನಗಿರಲಿಲ್ಲ.

ಬೆಲಾಸ್ಕೊ 1853ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೊದಲ್ಲಿ, ಇಂಗ್ಲೆಂಡಿನಿಂದ ವಲಸೆ ಬಂದ ಯೆಹೂದಿ ದಂಪತಿಗೆ ಹುಟ್ಟಿದ. ಪಶ್ಚಿಮ ತೀರದ ನಾಟಕಶಾಲೆಗಳಲ್ಲಿ ಚಿಕ್ಕಪುಟ್ಟ ಪಾತ್ರಗಳಿಂದ ಹಿಡಿದು ರಂಗವ್ಯವಸ್ಥಾಪಕನವರೆಗೆ ಎಲ್ಲ ಕೆಲಸ ಮಾಡಿ, 1882ರಲ್ಲಿ ನ್ಯೂಯಾರ್ಕ್ ಸೇರಿದ. ನಾಟಕಕಾರ ಹೆನ್ರಿ ಡಿಮಿಲ್ ಜೊತೆ ಸೇರಿ ನಾಟಕಗಳನ್ನು ಬರೆದ. 1895ರ ‘ದಿ ಹಾರ್ಟ್ ಆಫ್ ಮೇರಿಲ್ಯಾಂಡ್’ ಆತನಿಗೆ ಸ್ವತಂತ್ರವಾಗಿ ನಿಲ್ಲುವ ಬಲ ಕೊಟ್ಟಿತು. ಪ್ರಿಯಕರ ತಪ್ಪಿಸಿಕೊಂಡ ಸುದ್ದಿ ಸಾರುವ ಗಂಟೆ ಮೊಳಗದಂತೆ ನಾಯಕಿ ಅದರ ನಾಲಗೆಗೇ ಜೋತುಬೀಳುವ ದೃಶ್ಯವನ್ನು ನೋಡಲು ಜನ ಮುಗಿಬಿದ್ದರು. ನಾಟಕಶಾಲೆಗಳ ಬುಕಿಂಗ್ ಪೂರ್ತಿ ತಮ್ಮ ಮುಷ್ಟಿಯಲ್ಲಿಟ್ಟುಕೊಂಡಿದ್ದ ‘ಸಿಂಡಿಕೇಟ್’ ಎಂಬ ಕೂಟದ ವಿರುದ್ಧ ವರ್ಷಗಟ್ಟಲೆ ಹೋರಾಡಿದ್ದು ಕೂಡ ಆತನ ವೃತ್ತಿಜೀವನದ ದೊಡ್ಡ ಭಾಗ. 1907ರಲ್ಲಿ ನ್ಯೂಯಾರ್ಕಿನ 44ನೇ ಬೀದಿಯಲ್ಲಿ ಆತ ಕಟ್ಟಿಸಿದ ನಾಟಕಶಾಲೆ ಇಂದು ಬೆಲಾಸ್ಕೊ ಥಿಯೇಟರ್ ಎಂಬ ಹೆಸರಿನಿಂದ ನಡೆಯುತ್ತಿದೆ.

ನನ್ನ ಮಟ್ಟಿಗೆ ಈ ಪುಸ್ತಕಕ್ಕೆ ಕೊಟ್ಟ ಹಣ ಬೆಳಕಿನ ಕುರಿತ ಪುಟಗಳಲ್ಲಿಯೇ ಸಂದಿತು. ಹಾಡಿನ ಸಾಹಿತ್ಯಕ್ಕೆ ಸಂಗೀತ ಹೇಗೋ ನಾಟಕಕ್ಕೆ ಬೆಳಕು ಹಾಗೆ ಎಂಬುದು ಬೆಲಾಸ್ಕೊನ ನಂಬಿಕೆ. ಅದನ್ನು ಆತ ಮಾಡಿ ತೋರಿಸಿದ್ದು 1900ರ ಮಾರ್ಚ್ ತಿಂಗಳಲ್ಲಿ, ಜಾನ್ ಲೂಥರ್ ಲಾಂಗ್‌ನ ಕತೆಯನ್ನು ಆಧರಿಸಿ ಬರೆದ ‘ಮೇಡಮ್ ಬಟರ್‌ಫ್ಲೈ’ ಎಂಬ ಏಕಾಂಕದಲ್ಲಿ. ಗಂಡನ ಹಡಗು ಬಂದರಿಗೆ ಬಂದಿದೆ. ಬಾಗಿಲಲ್ಲಿ ಮಗುವಿನೊಂದಿಗೆ ನಾಯಕಿ ಕಾಯುತ್ತಾಳೆ. ಸಂಜೆ ಕರಗಿ ಇರುಳಾಗುತ್ತದೆ, ಲಾಂದ್ರಗಳು ಒಂದೊಂದಾಗಿ ನಂದುತ್ತವೆ, ಬೆಳಗಾಗುತ್ತದೆ, ಆಕೆ ಇನ್ನೂ ನಿಂತೇ ಇದ್ದಾಳೆ. ಸುಮಾರು 14 ನಿಮಿಷ ಒಂದೇ ಒಂದು ಮಾತಿಲ್ಲ. ಅದೇ ವರ್ಷ ಲಂಡನ್ನಿನಲ್ಲಿ ಈ ನಾಟಕ ನೋಡಿದ ಇಟಲಿಯ ಸಂಗೀತ ರಚನೆಕಾರ ಪುಚಿನಿಗೆ ಇಂಗ್ಲಿಷ್ ಸರಿಯಾಗಿ ಅರ್ಥವಾಗುತ್ತಿರಲಿಲ್ಲ. ಆದರೂ ಇದನ್ನು ಆಪೆರಾ, ಅಂದರೆ ಹಾಡಿನಲ್ಲಿಯೇ ನಡೆಯುವ ನಾಟಕ, ಮಾಡಲೇಬೇಕೆಂದು ಹಟ ಹಿಡಿದ. 1904ರಲ್ಲಿ ಮಿಲಾನಿನಲ್ಲಿ ಮೊದಲ ಪ್ರದರ್ಶನ ಕಂಡ ಆ ಆಪೆರಾದಲ್ಲಿ ಬೆಲಾಸ್ಕೊನ ಮೌನದ ಜಾಗಕ್ಕೆ ಮಾತಿಲ್ಲದೆ ಗುನುಗುವ ಮೇಳಗಾಯನ ಬಂದಿದೆ.

ಕುಂಬಳೆ ಸೀಮೆಯವರಿಗೆ, ಯಕ್ಷಗಾನ ಕವಿ ಪಾರ್ತಿಸುಬ್ಬನ ಪ್ರಸಂಗಗಳನ್ನು ಇಡೀ ರಾತ್ರಿ ಕುಳಿತು ನೋಡಿ ಬೆಳೆದವರಿಗೆ, ಈ ದೃಶ್ಯದ ಶಕ್ತಿಯನ್ನು ಬಿಡಿಸಿ ಹೇಳಬೇಕಾಗಿಲ್ಲ. ಬಯಲಾಟದಲ್ಲಿ ಕೊನೆಯ ವೇಷಗಳು ಕುಣಿಯುತ್ತಿರುವಾಗ ಅಡಕೆ ತೋಟದ ಆಚೆ ನಿಜವಾದ ಬೆಳಗು ಹರಿಯುತ್ತದೆ. ಗ್ಯಾಸ್‌ಲೈಟಿನ ಬೆಳಕು ಮೆಲ್ಲನೆ ಸಪ್ಪಗಾಗಿ, ಕಿರೀಟದ ಬೇಗಡೆ ಬೇರೆಯೇ ಬಣ್ಣಕ್ಕೆ ತಿರುಗುತ್ತದೆ. ನಮಗೆ ದಕ್ಕಿದ ಆ ಬೆಳಗನ್ನು ಬೆಲಾಸ್ಕೊ ನಾಲ್ಕು ಗೋಡೆಗಳ ಒಳಗೆ ಕೈಯಾರೆ ತಯಾರಿಸಬೇಕಾಗಿತ್ತು. ಆತ ಅದಕ್ಕಾಗಿ ಪಟ್ಟ ಪಾಡನ್ನು ಓದುವಾಗ ನಾನು ಎಷ್ಟೋ ಸಲ ಪುಸ್ತಕ ಮಡಚಿಟ್ಟು ಆ ಬೆಳಗುಗಳನ್ನು ನೆನೆಸಿಕೊಂಡೆ.

1905ರ ‘ದಿ ಗರ್ಲ್ ಆಫ್ ದಿ ಗೋಲ್ಡನ್ ವೆಸ್ಟ್’ ನಾಟಕಕ್ಕಾಗಿ ಕ್ಯಾಲಿಫೋರ್ನಿಯಾದ ಸೂರ್ಯಾಸ್ತವನ್ನು ರಂಗಕ್ಕೆ ತರಲು ಮೂರು ತಿಂಗಳು ಪ್ರಯೋಗ ಮಾಡಿ, ಕೊನೆಗೆ ಅದನ್ನು ಕೈಬಿಟ್ಟ ಸಂಗತಿಯನ್ನು ಬೆಲಾಸ್ಕೊ ಸ್ವತಃ ಬರೆದಿದ್ದಾನೆ. ಸೂರ್ಯಾಸ್ತ ಚೆನ್ನಾಗಿಯೇ ಬಂದಿತ್ತು, ಆದರೆ ಅದು ಕ್ಯಾಲಿಫೋರ್ನಿಯಾದ್ದಾಗಿರಲಿಲ್ಲ ಎಂಬುದೇ ಕಾರಣ. ಅದನ್ನು ಬೇರೊಂದು ನಾಟಕದವರಿಗೆ ಮಾರಿಬಿಟ್ಟನಂತೆ. ಚೆನ್ನಾಗಿ ಬಂದದ್ದನ್ನೂ ಇದು ನಮ್ಮ ನಾಟಕದ್ದಲ್ಲ ಎಂದು ಬಿಡುವ ಈ ಮನಸ್ಸೇ ಆತನ ಇಡೀ ವೃತ್ತಿಜೀವನದಲ್ಲಿ ನನಗೆ ಅತ್ಯಂತ ದೊಡ್ಡದಾಗಿ ಕಂಡದ್ದು. ಈ ನಾಟಕವನ್ನೂ ಪುಚಿನಿ ಆಪೆರಾ ಮಾಡಿದ. 1910ರ ಡಿಸೆಂಬರಿನಲ್ಲಿ ಅದು ನ್ಯೂಯಾರ್ಕಿನಲ್ಲಿಯೇ ರಂಗವೇರಿತು, ಹೆಸರಾಂತ ಗಾಯಕ ಕರೂಸೊ ಹಾಡಿದ, ವಾದ್ಯವೃಂದವನ್ನು ಟಾಸ್ಕನಿನಿ ನಡೆಸಿಕೊಟ್ಟ.

ನಮ್ಮ ಕೆಲಸಕ್ಕೆ ನೇರವಾಗಿ ಬಂದದ್ದು 1911ರ ‘ದಿ ರಿಟರ್ನ್ ಆಫ್ ಪೀಟರ್ ಗ್ರಿಮ್’. ತೀರಿಕೊಂಡ ಹಿರಿಯನೊಬ್ಬ ಮನೆಗೆ ಮರಳಿ ಬಂದು ಬದುಕಿರುವವರ ನಡುವೆ ಓಡಾಡುತ್ತಾನೆ, ಅವರಿಗೆ ಆತ ಕಾಣುವುದಿಲ್ಲ. ಇದಕ್ಕೆ ಬಿಳಿ ಬಟ್ಟೆ, ಹೊಗೆ, ತೆಳುಪರದೆ ಇವು ಯಾವುವೂ ಬೇಡವೆಂದು ತೀರ್ಮಾನಿಸಿದ ಬೆಲಾಸ್ಕೊ, ಸತ್ತವನ ಮೇಲೆ ತಣ್ಣಗಿನ ಬೆಳಕನ್ನೂ ಬದುಕಿರುವವರ ಮೇಲೆ ಬೆಚ್ಚಗಿನ ಬೆಳಕನ್ನೂ ಬೀರಿ, ಒಂದೇ ಕೋಣೆಯಲ್ಲಿ ಎರಡು ಲೋಕಗಳನ್ನು ತೋರಿಸಿದ. ಕಳೆದ ಬೇಸಿಗೆ ಶಿಬಿರದಲ್ಲಿ ಮಕ್ಕಳು ಆಡಿದ ನಾಟಕದಲ್ಲಿಯೂ ತೀರಿಕೊಂಡ ಅಜ್ಜಿಯೊಬ್ಬಳು ಅಡುಗೆಮನೆಗೆ ಬರುತ್ತಾಳೆ. ಆಗ ದೀಪಕ್ಕೆ ನೀಲಿ ಜಿಲೆಟಿನ್ ಹಾಳೆ (ಬೆಳಕಿಗೆ ಬಣ್ಣ ಕೊಡುವ ಪಾರದರ್ಶಕ ಹಾಳೆ) ಕಟ್ಟಿ ನೋಡಿದ್ದೆವು. ಬೆಳಕು ಅಜ್ಜಿಯ ಮೇಲೆ ನಿಲ್ಲದೆ, ಒಲೆಯ ಮುಂದೆ ಕುಳಿತ ಮೊಮ್ಮಗಳ ಮುಖವನ್ನೂ ನೀಲಿ ಮಾಡಿತ್ತು. ಬೆಲಾಸ್ಕೊ ಮತ್ತು ಆತನ ಬೆಳಕಿನ ತಜ್ಞ ಲೂಯಿ ಹಾರ್ಟ್‌ಮನ್ ಇಂಥ ತೊಡಕಿಗಾಗಿಯೇ ಒಬ್ಬೊಬ್ಬ ನಟನನ್ನು ಹಿಂಬಾಲಿಸುವ ಚಿಕ್ಕ ಮಸೂರದ ದೀಪಗಳನ್ನು ಬಳಸಿದ್ದರು. ಪುಸ್ತಕ ಬಂದ ಮೇಲೆ ಆ ಭಾಗವನ್ನು ಬೆಳಕಿನ ಸಾಮಾನು ಬಾಡಿಗೆಗೆ ಕೊಡುವ ಹುಡುಗನಿಗೆ ತುಳುವಿನಲ್ಲಿ ವಿವರಿಸಿ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, “ಮಾಷ್ಟ್ರೇ, ಮನೆಯಲ್ಲಿ ಹಾಲಿನ ಪುಡಿಯ ಡಬ್ಬ ಉಂಟಾ?” ಎಂದು ಕೇಳಿದ. ಡಬ್ಬದ ತಳ ಕತ್ತರಿಸಿ, ಒಳಗೆ ಕಪ್ಪು ಬಳಿದು, ಬಲ್ಬಿನ ಮುಂದೆ ಕೊಳವೆಯ ಹಾಗೆ ಕಟ್ಟಿದೆವು. ಬಿಸಿಗೆ ಸುಟ್ಟು ಹೋಗದಂತೆ ಜಿಲೆಟಿನ್ ಹಾಳೆಯನ್ನು ಡಬ್ಬದ ಬಾಯಿಯಲ್ಲಿ ಇಟ್ಟೆವು. ಎರಡನೆಯ ಪ್ರದರ್ಶನದಲ್ಲಿ ಅಜ್ಜಿ ಮೊಮ್ಮಗಳ ಪಕ್ಕದಲ್ಲಿಯೇ ಕುಳಿತರೂ ನೀಲಿ ಅಜ್ಜಿಯ ಮೇಲೆಯೇ ನಿಂತಿತು. ಮುಂದಿನ ಸಾಲಿನಲ್ಲಿದ್ದ ಚಿಕ್ಕ ಮಕ್ಕಳು ಮಾತು ನಿಲ್ಲಿಸಿದರು.

ನೆಲದ ಅಂಚಿನಲ್ಲಿ ಸಾಲಾಗಿ ದೀಪ ಇಡುವ ಪದ್ಧತಿಯನ್ನು ಬೆಲಾಸ್ಕೊ ತನ್ನ ನಾಟಕಶಾಲೆಯಿಂದ ತೆಗೆದುಹಾಕಿದ್ದನ್ನು ಶಾಲಾ ವಾರ್ಷಿಕೋತ್ಸವ ನಡೆಸುವವರೆಲ್ಲ ಗಮನಿಸಬೇಕು. ಸೂರ್ಯನ ಬೆಳಕು ಕೆಳಗಿನಿಂದ ಬರುವುದಿಲ್ಲ. ಕೆಳಗಿನಿಂದ ಬಂದ ಬೆಳಕು ಮೂಗಿನ ನೆರಳನ್ನು ಹಣೆಗೆ ಏರಿಸಿ ಮಗುವಿನ ಮುಖವನ್ನೂ ವಿಕಾರ ಮಾಡುತ್ತದೆ.

ಬೆಲಾಸ್ಕೊ ಹೋದ ದಾರಿಯಲ್ಲೆಲ್ಲ ನಾನು ಹೋಗಲಾರೆ. 1909ರ ‘ದಿ ಈಸಿಯೆಸ್ಟ್ ವೇ’ ನಾಟಕಕ್ಕಾಗಿ ಹಳೆಯ ಬಾಡಿಗೆ ಕೋಣೆಯೊಂದರ ಸಾಮಾನುಗಳನ್ನು ಗೋಡೆಯ ಕಾಗದದ ಸಮೇತ ಕೊಂಡು ತಂದು ರಂಗದಲ್ಲಿ ನಿಲ್ಲಿಸಿದ. 1912ರ ‘ದಿ ಗವರ್ನರ್ಸ್ ಲೇಡಿ’ಯಲ್ಲಿ ನ್ಯೂಯಾರ್ಕಿನ ಚೈಲ್ಡ್ಸ್ ಎಂಬ ಹೋಟೆಲನ್ನು ಇದ್ದ ಹಾಗೆಯೇ ಕಟ್ಟಿಸಿದ. ಇದರ ಹಿಂದಿನ ಶ್ರಮವನ್ನು ಗೌರವಿಸುತ್ತೇನೆ, ಆದರೆ ಒಂದು ರಥ ಅಥವಾ ಸಿಂಹಾಸನದಿಂದಲೇ ಅರಮನೆ ಕಾಣಿಸುವ ಯಕ್ಷಗಾನದ ನಾಡಿನಲ್ಲಿ ನಿಂತು ನೋಡಿದರೆ ಇದು ಅನಗತ್ಯ ಭಾರವೆನಿಸುತ್ತದೆ. ನಾಟಕಕಾರ ಯೂಜಿನ್ ಓನೀಲ್ ಮತ್ತು ರಂಗವಿನ್ಯಾಸಕ ರಾಬರ್ಟ್ ಎಡ್ಮಂಡ್ ಜೋನ್ಸ್ ಅವರ ಪೀಳಿಗೆಯೂ ಬೆಲಾಸ್ಕೊನನ್ನು ಹಳೆಯ ಕಾಲದವನೆಂದು ಬದಿಗೆ ಸರಿಸಿತು. ಆತನ ನಾಟಕಗಳು ಇಂದು ಆಪೆರಾಗಳ ಮೂಲಕವಲ್ಲದೆ ಕಾಣಸಿಗುವುದು ಅಪರೂಪ, ಮತ್ತು ಓದಿದರೆ ಮಾತುಗಳು ಹಳಸಲು ಎನಿಸುವುದು ನಿಜ. ಆದರೆ ಬೆಳಕಿನ ವಿಷಯದಲ್ಲಿ ಆತನನ್ನು ಬದಿಗೆ ಸರಿಸಿದ್ದು ಅನ್ಯಾಯವೆಂದೇ ನನ್ನ ಅಭಿಪ್ರಾಯ.

ತನ್ನ ಬಗ್ಗೆ ಆತ ಹೇಳಿಕೊಂಡ ಮಾತುಗಳನ್ನೆಲ್ಲ ಹಾಗೆಯೇ ನಂಬಬೇಕಾಗಿಲ್ಲ. ಬಾಲ್ಯದ ಕತೆಗಳನ್ನು ಚರಿತ್ರಕಾರರು ಅನುಮಾನದಿಂದಲೇ ನೋಡಿದ್ದಾರೆ. ಪಾದ್ರಿಗಳ ಹಾಗೆ ಕಾಲರ್ ಧರಿಸಿ, ನ್ಯೂಯಾರ್ಕಿನ ರಂಗಭೂಮಿಯ ಬೀದಿಯ ಹೆಸರಿನಲ್ಲಿ ‘ಬ್ರಾಡ್‌ವೇಯ ಬಿಷಪ್’ ಎನಿಸಿಕೊಂಡವನಿಗೆ ತನ್ನ ಬದುಕೂ ಒಂದು ಪಾತ್ರವೇ ಆಗಿದ್ದಿರಬೇಕು. ಪುಸ್ತಕ 1919ರಲ್ಲಿ ನಿಲ್ಲುವುದರಿಂದ, 1922ರಲ್ಲಿ ನಟ ಡೇವಿಡ್ ವಾರ್‌ಫೀಲ್ಡ್‌ನನ್ನು ಶೈಲಾಕ್ ಮಾಡಿ ಆಡಿಸಿದ ಶೇಕ್ಸ್‌ಪಿಯರನ ‘ಮರ್ಚೆಂಟ್ ಆಫ್ ವೆನಿಸ್’ ಇಲ್ಲಿ ಇಲ್ಲ. ಬೆಲಾಸ್ಕೊ ತೀರಿಕೊಂಡದ್ದು 1931ರಲ್ಲಿ. ದೀಪಗಳ ತಾಂತ್ರಿಕ ವಿವರ ಬೇಕಾದವರು 1930ರಲ್ಲಿ ಹಾರ್ಟ್‌ಮನ್ ಬರೆದ ಬೆಳಕಿನ ಕೈಪಿಡಿಯನ್ನು ಹುಡುಕುವುದು ಒಳ್ಳೆಯದು, ಅದಕ್ಕೆ ಬೆಲಾಸ್ಕೊನದೇ ಮುನ್ನುಡಿಯಿದೆ.

ಚಿತ್ರಗಳಿಗಾಗಿ ಈ ಪ್ರತಿಯನ್ನು ಯಾರೂ ಕೊಳ್ಳಬಾರದು. ಕಂಪ್ಯೂಟರಿನಲ್ಲಿ ಓದುವ ಅಭ್ಯಾಸವಿದ್ದರೆ ಹಳೆಯ ಮುದ್ರಣದ ಸ್ಕ್ಯಾನ್ ಉಚಿತವಾಗಿಯೇ ಸಿಗುತ್ತದೆ, ಚಿತ್ರಗಳೂ ಅದರಲ್ಲಿ ಮೇಲು. ಕೈಯಲ್ಲಿ ಹಿಡಿದು ಗೆರೆ ಎಳೆಯುತ್ತ ಓದುವವರು, ತಾಲೀಮಿನ ನಡುವೆ ತೆರೆದು ನೋಡಬೇಕಾದವರು ಕೊಳ್ಳಬಹುದು, ಆದರೆ ಬಂದ ಕೂಡಲೇ ಹೊಲಿಸಿಬಿಡಬೇಕು. ನನ್ನ ಪ್ರತಿಯನ್ನು ಕಾಸರಗೋಡಿನಲ್ಲಿ 120 ರೂಪಾಯಿ ಕೊಟ್ಟು ನೂಲಿನಲ್ಲಿ ಹೊಲಿಸಿ, ದಪ್ಪ ರಟ್ಟು ಹಾಕಿಸಿ ಶಾಲೆಯ ಗ್ರಂಥಾಲಯಕ್ಕೆ ಕೊಟ್ಟಿದ್ದೇನೆ. ಬೆಳಕಿನ ಪುಟಗಳ ಜೆರಾಕ್ಸ್ ಮಾತ್ರ ಬೆಳಕನ್ನು ಹೆಚ್ಚುಕಡಿಮೆ ಮಾಡುವ ಡಿಮ್ಮರ್ ಪೆಟ್ಟಿಗೆಯಲ್ಲಿ, ಆ ಹಾಲಿನ ಪುಡಿಯ ಡಬ್ಬದ ಜೊತೆಗಿದೆ.