ಕೋಳಿ-ಮೇಕೆ ಲೆಕ್ಕಕ್ಕೆ ಎಕ್ಸ್ ಬೇಕಾ?

ಐದನೇ ಕ್ಲಾಸಿನ ಮಕ್ಕಳಿಗೆ ಎಕ್ಸ್ ಬೇಡ. ಮಂಡ್ಯದಲ್ಲಿ ನವೋದಯ ಪರೀಕ್ಷೆಗೆ ಓದುತ್ತಿರುವ ಅಕ್ಕನ ಮಗಳ ಜೊತೆ ಕೂತು, ಒಂದೇ ಲೆಕ್ಕವನ್ನು ನಾನು ಸಮೀಕರಣ ಬರೆದು, ಅವಳು ಅವಳ ದಾರಿಯಲ್ಲಿ ಮಾಡಿ ನೋಡಿದ ಮೇಲೆ ಹೇಳುತ್ತಿದ್ದೇನೆ.

ಕೋಳಿ, ಮೇಕೆ ಸೇರಿ ತಲೆ 20, ಕಾಲು 56, ಮೇಕೆ ಎಷ್ಟು? ಮೇಕೆಗೆ ‘ಮ’ ಅಂತ ಇಟ್ಟುಕೊಂಡೆ. 4ಮ + 2(20 − ಮ) = 56. ಬಿಡಿಸಿದರೆ 2ಮ + 40 = 56, 2ಮ = 16, ಮೇಕೆ 8. ಅವಳು ಏನೂ ಬರೆಯಲಿಲ್ಲ. “ಎಲ್ಲಾ ಕೋಳಿ ಅಂದ್ಕೊಳ್ಳಿ ಮಾವ, 40 ಕಾಲು. ಇನ್ನೂ 16 ಬೇಕು. ಒಂದು ಕೋಳಿ ತೆಗೆದು ಮೇಕೆ ಬಿಟ್ಟರೆ 2 ಜಾಸ್ತಿ. 8 ಮೇಕೆ.” ನೋಡಿ, ಅದೇ 40, ಅದೇ 16. ನನ್ನ 40 ಬ್ರಾಕೆಟ್ ಬಿಡಿಸಿದಾಗ ಸುಮ್ನೆ ಬಂದದ್ದು, ಅವಳ 40ಕ್ಕೆ ಮಾತ್ರ ಅರ್ಥ ಇದೆ.

ಇನ್ನೊಂದು. ಪ್ರತಿ ಅಂಗಡಿಯಲ್ಲೂ ಕೈಲಿರೋ ಬೆಲ್ಲದ ಅಚ್ಚಿನಲ್ಲಿ ಅರ್ಧ, ಮೇಲೊಂದು ಕೊಟ್ಟರೆ ಮೂರನೇ ಅಂಗಡಿಗೆ ಎಲ್ಲಾ ಖಾಲಿ, ಮೊದಲು ಎಷ್ಟಿತ್ತು? ಹಿಂದಿನಿಂದ ಬಂದರೆ 2, 6, 14, ಮುಗೀತು. ಸಮೀಕರಣದಲ್ಲಿ ಭಿನ್ನರಾಶಿಯೊಳಗೆ ಭಿನ್ನರಾಶಿ, ತಲೆನೋವು.

ಒಂದು ಸಂಖ್ಯೆಯ ಅರ್ಧ, ಮೂರನೇ ಒಂದು ಭಾಗ ಸೇರಿ 25 ಅಂದರೆ? 6 ಅಂತ ಊಹಿಸಿದರೆ 3 + 2 = 5. ಬೇಕಾದ್ದು ಅದರ ಐದರಷ್ಟು, ಹಾಗಾಗಿ 30. ಹೀಗೆ ಊಹಿಸುವುದು, ಹಿಂದಿನಿಂದ ಬರುವುದು ಎರಡೂ ಭಾಸ್ಕರಾಚಾರ್ಯರ 1150ರ ಲೀಲಾವತಿಯಲ್ಲೇ ಇವೆ. ಅದೇ ಮನುಷ್ಯ ಬೀಜಗಣಿತಕ್ಕೆ ಬೇರೆ ಪುಸ್ತಕ ಬರೆದು, ಗೊತ್ತಿಲ್ಲದ ಸಂಖ್ಯೆಗಳನ್ನು ಬಣ್ಣಗಳ ಹೆಸರಿನಿಂದ ಕರೆದರು. ಎರಡೂ ಬೇಕಿತ್ತು ಅಂತ ತಾನೇ?

ಯಾಕೆಂದರೆ ಅವಳ ದಾರಿಯಲ್ಲಿ ಒಂದೊಂದು ಲೆಕ್ಕಕ್ಕೂ ಒಂದೊಂದು ಉಪಾಯ ಹೊಳೆಯಬೇಕು, ಹೊಳೆಯದಿದ್ದರೆ ಕೂತುಬಿಡಬೇಕು, ಸಮೀಕರಣಕ್ಕೆ ಆ ಹಂಗಿಲ್ಲ, ಲೆಕ್ಕ ಹೇಳಿದ್ದನ್ನು ಹಾಗೇ ಬರೆದುಕೊಂಡು ಮುಂದೆ ಹೋಗಬಹುದು. ಅಂಗಳದ ಉದ್ದ ಅಗಲಕ್ಕಿಂತ 4 ಮೀಟರ್ ಜಾಸ್ತಿ, ವಿಸ್ತೀರ್ಣ 60 ಚದರ ಮೀಟರ್ ಅಂದೆ. 6, 10 ಅಂತ ತಕ್ಷಣ ಹೇಳಿದಳು. 60ನ್ನು 61 ಮಾಡಿದೆ. 6 ಸಾಲದು, 7 ಜಾಸ್ತಿ, ಅಲ್ಲೇ ನಿಂತಳು. ಸಮೀಕರಣ ಬರೆದು ಎರಡೂ ಕಡೆ 4 ಸೇರಿಸಿದರೆ, ಅಗಲಕ್ಕೆ 2 ಸೇರಿಸಿ ವರ್ಗ ಮಾಡಿದ್ದು 65 ಆಗುತ್ತೆ, ಅಂದರೆ ಅಗಲ 65ರ ವರ್ಗಮೂಲದಿಂದ 2 ಕಳೆದಷ್ಟು, ಸುಮಾರು 6.06 ಮೀಟರ್. ಇದನ್ನು ಊಹಿಸಿ ಹಿಡಿಯೋದು ಯಾರ ಕೈಲಾಗುತ್ತೆ?